ಸೂರ್ಯಕಿರಣ್ ಪ್ರದರ್ಶನ ವಿಮರ್ಶೆ: ತಿರುವಿನಲ್ಲಿ ನೋಡಿ, ಹೊಗೆಯಲ್ಲಿ ಓದಿ

ಭಾರತೀಯ ವಾಯುಪಡೆಯ ವೈಮಾನಿಕ ಕಸರತ್ತಿನ ತಂಡವಾದ ಸೂರ್ಯಕಿರಣ್‌ನ ಹಾರಾಟ ನೋಡಲು ಅಷ್ಟು ದೂರ ಹೋಗುವುದು ಸಾರ್ಥಕವೇ ಎಂದು ಕೇಳಿದರೆ ನಮ್ಮ ಉತ್ತರ ಚಿಕ್ಕದು: ಖಂಡಿತ ಹೋಗಿ, ಮೊದಲ ಹತ್ತು ನಿಮಿಷ ಫೋನು ಮಾತ್ರ ಜೇಬಿನಲ್ಲೇ ಇರಲಿ. ಎರಡು ವಿಮಾನ ಎದುರುಬದುರು ನುಗ್ಗಿ ಬಂದು ದಾಟಿಹೋಗುವಾಗ ಜನ ಶಿಳ್ಳೆ ಹೊಡೆಯುತ್ತಾರೆ, ಅದು ಚೆನ್ನಾಗಿಯೇ ಇರುತ್ತದೆ. ಈ ತಂಡದ ಕಸುಬುಗಾರಿಕೆ ಕಾಣುವುದು ಅದಕ್ಕೂ ಮೊದಲು, ಒಂಬತ್ತು ವಿಮಾನಗಳೂ ಒಟ್ಟಿಗಿರುವಾಗ, ಅದರಲ್ಲೂ ಅವು ತಿರುಗುವಾಗ. ಚಪ್ಪಾಳೆ ಬೀಳದ ಆ ಹೊತ್ತನ್ನು ನೋಡುವುದು ಹೇಗೆ ಎಂಬುದಕ್ಕೇ ಇಲ್ಲಿ ಹೆಚ್ಚು ಜಾಗ ಕೊಟ್ಟಿದ್ದೇವೆ.

ತಂಡ ಹುಟ್ಟಿದ್ದು 1996ರ ಮೇ ತಿಂಗಳಲ್ಲಿ, ನಮ್ಮ ಬೀದರ್ ವಾಯುನೆಲೆಯಲ್ಲಿ. ಇಂದಿಗೂ ಮನೆ ಅಲ್ಲೇ. ಮೊದಲು ಹಾರಿಸುತ್ತಿದ್ದದ್ದು ಬೆಂಗಳೂರಿನ ಎಚ್‌ಎಎಲ್ ವಿನ್ಯಾಸ ಮಾಡಿ ಕಟ್ಟಿದ ಕಿರಣ್ ಮಾರ್ಕ್ 2 ತರಬೇತಿ ವಿಮಾನ. 2009ರಲ್ಲಿ ಹೊಸಬರು ಮೊದಲು ಕಲಿಯುತ್ತಿದ್ದ ಎಚ್‌ಪಿಟಿ-32 ವಿಮಾನಗಳನ್ನು ಹಾರಾಟದಿಂದ ಹಿಂತೆಗೆದಾಗ ಹೊಸ ಕೆಡೆಟ್‌ಗಳ ಪ್ರಾಥಮಿಕ ತರಬೇತಿಗೇ ಕಿರಣ್‌ಗಳು ಬೇಕಾದವು. ಬೆಂಗಳೂರಿನ ಯಲಹಂಕ ವಾಯುನೆಲೆಯಲ್ಲಿ ನಡೆಯುವ ವೈಮಾನಿಕ ಮೇಳ ಏರೋ ಇಂಡಿಯಾ 2011ರಲ್ಲಿ ಮುಗಿದ ಮೇಲೆ ತಂಡ ನಿಂತುಹೋಯಿತು. 2015ರಲ್ಲಿ ಹಾಕ್ 132 ವಿಮಾನಗಳೊಂದಿಗೆ ಸಣ್ಣ ಗುಂಪಾಗಿ ಮರಳಿ, ಹಂತಹಂತವಾಗಿ ಮತ್ತೆ ಒಂಬತ್ತಕ್ಕೆ ಬೆಳೆಯಿತು. ಹಾಕ್ ಬ್ರಿಟನ್ ಮೂಲದ್ದು, ಪರವಾನಗಿ ಪಡೆದು ಎಚ್‌ಎಎಲ್ ಇಲ್ಲೇ ಕಟ್ಟಿದೆ. ಒಂದೇ ಎಂಜಿನ್, ಒಬ್ಬರ ಹಿಂದೊಬ್ಬರು ಕೂರುವ ಎರಡು ಆಸನ, ರೆಕ್ಕೆಯಿಂದ ರೆಕ್ಕೆಗೆ ಹತ್ತು ಮೀಟರಿಗೆ ಸ್ವಲ್ಪ ಕಡಿಮೆ.

ಕಿರಣ್ ಕಾಲದ ಪ್ರದರ್ಶನ ನೋಡಿದವರು ಈಗಲೂ ಅದನ್ನೇ ಹೊಗಳುವುದುಂಟು, ಅದಕ್ಕೆ ಕಾರಣವಿದೆ. ನಿಧಾನದ ವಿಮಾನ ಚಿಕ್ಕ ವೃತ್ತದಲ್ಲಿ ತಿರುಗುತ್ತದೆ. ಹಾಗಾಗಿ ಇಡೀ ಆಟ ಕಣ್ಣೆದುರೇ ನಡೆಯುತ್ತಿತ್ತು. ಹಾಕ್‌ನ ತಿರುವು ದೊಡ್ಡದು, ಒಂದು ಸುತ್ತು ಮುಗಿಸಿ ಮತ್ತೆ ಎದುರಿಗೆ ಬರುವ ತನಕ ಆಕಾಶ ಖಾಲಿ. ಆ ಬಿಡುವನ್ನು ತುಂಬಲು ನಿರೂಪಕರು ಪಡುವ ಪಾಡು ಬೇರೆ. ಬದಲಿಗೆ ಹಾಕ್ ಕೊಡುವುದು ಎತ್ತರ. ಲೂಪಿನಲ್ಲಿ, ಅಂದರೆ ನೆಟ್ಟಗೆ ನಿಂತ ಚಕ್ರದಂತೆ ಮೇಲೇರಿ ತಲೆಕೆಳಗಾಗಿ ಇಳಿಯುವ ಸುತ್ತಿನಲ್ಲಿ, ಒಂಬತ್ತೂ ನೆಟ್ಟಗೆ ಮೇಲೇರುವ ನೋಟಕ್ಕಾಗಿ ಆ ಖಾಲಿ ಹೊತ್ತನ್ನು ಸಹಿಸಿಕೊಳ್ಳಬಹುದು ಎಂಬುದು ನಮ್ಮ ಅಭಿಪ್ರಾಯ.

ಈಗ ತಿರುವಿಗೆ ಬರೋಣ. ಬಾಣದ ಆಕಾರದಲ್ಲಿ ಒಂಬತ್ತು ವಿಮಾನ: ಮಧ್ಯದಲ್ಲಿ ನಾಯಕ, ಎರಡೂ ಬದಿಗೆ ನಾಲ್ಕು ನಾಲ್ಕು. ಪಕ್ಕದ ವಿಮಾನಕ್ಕೆ ನಡುವಿನಿಂದ ನಡುವಿಗೆ ಹತ್ತು ಮೀಟರ್ ಎಂದಿಟ್ಟುಕೊಂಡರೆ, ತುತ್ತತುದಿಯ ವಿಮಾನ ನಾಯಕನಿಂದ 40 ಮೀಟರ್ ಆಚೆ ಇರುತ್ತದೆ. ಇಡೀ ರಚನೆ ಒಂದೇ ಹಲಗೆಯಂತೆ 60 ಡಿಗ್ರಿ ವಾಲಬೇಕಾದರೆ ಹೊರತುದಿಯ ವಿಮಾನ ಸುಮಾರು 35 ಮೀಟರ್ ಮೇಲೇರಬೇಕು, ಒಳತುದಿಯದು ಅಷ್ಟೇ ಕೆಳಗಿಳಿಯಬೇಕು. ಹನ್ನೊಂದು ಹನ್ನೆರಡು ಅಂತಸ್ತಿನ ಕಟ್ಟಡದಷ್ಟು ಎತ್ತರ, ಅದೂ ನಾಯಕ ವಾಲಿಸುವ ಕೆಲವೇ ಸೆಕೆಂಡುಗಳಲ್ಲಿ. ವಾಲಿ ನಿಂತ ಮೇಲೂ ಕೆಲಸ ಮುಗಿಯುವುದಿಲ್ಲ. ಗಂಟೆಗೆ 500 ಕಿಲೋಮೀಟರ್ ವೇಗದಲ್ಲಿ ಆ ತಿರುವಿನ ತ್ರಿಜ್ಯ 1,100 ಮೀಟರಿನ ಆಸುಪಾಸು. ಹೊರಗಿನದು ನಾಯಕನಿಗಿಂತ ಗಂಟೆಗೆ ಒಂಬತ್ತು ಹತ್ತು ಕಿಲೋಮೀಟರ್ ಹೆಚ್ಚು ವೇಗದಲ್ಲಿ, ಒಳಗಿನದು ಅಷ್ಟೇ ಕಡಿಮೆ ವೇಗದಲ್ಲಿ ಹೋದರೆ ಮಾತ್ರ ಸಾಲು ಉಳಿಯುತ್ತದೆ.

ನಾಯಕ ಸ್ಟಿಕ್ಕನ್ನು, ಅಂದರೆ ವಿಮಾನ ವಾಲಿಸುವ ಹಿಡಿಕೋಲನ್ನು, ಎಷ್ಟು ಮೃದುವಾಗಿ ಒತ್ತುತ್ತಾರೆ ಎಂಬುದರ ಮೇಲೆ ಎಲ್ಲ ನಿಂತಿದೆ. ಒಂದು ಸಣ್ಣ ಜರ್ಕ್ ಎರಡನೆಯ ವಿಮಾನದಲ್ಲಿ ಕೊಂಚ ದೊಡ್ಡದಾಗಿ, ಮೂರನೆಯದರಲ್ಲಿ ಇನ್ನೂ ದೊಡ್ಡದಾಗಿ, ತುದಿಯಲ್ಲಿ ಎದ್ದು ಕಾಣುವ ಕುಲುಕಾಟವಾಗುತ್ತದೆ. ಜೆಟ್ ಎಂಜಿನ್ನು, ಬಲ ಹೆಚ್ಚುಕಡಿಮೆ ಮಾಡುವ ಹಿಡಿಯಾದ ಥ್ರಾಟಲ್ ಒತ್ತಿದ ಕೂಡಲೇ ಓಗೊಡುವುದಿಲ್ಲ, ಒಂದು ಕ್ಷಣ ತಡ ಮಾಡುತ್ತದೆ. ಹಿಂದೆ ಬಿದ್ದೆನೆಂದು ಹೆಚ್ಚು ಒತ್ತಿದರೆ ಆಮೇಲೆ ಮುಂದಕ್ಕೆ ನುಗ್ಗುತ್ತದೆ, ನುಗ್ಗಿತೆಂದು ಎಳೆದರೆ ಮತ್ತೆ ಹಿಂದೆ. ಒಮ್ಮೆ ಈ ತೂಗಾಟ ಶುರುವಾದರೆ ನಿಲ್ಲಿಸುವುದು ಕಷ್ಟ. ಪಳಗಿದ ಪೈಲಟ್‌ಗಳು ಥ್ರಾಟಲನ್ನು ಬೆರಳಗಲದಷ್ಟೂ ಸರಿಸದೆ ಸದಾ ಚಿಕ್ಕಚಿಕ್ಕದಾಗಿ ತಿದ್ದುತ್ತಲೇ ಇರುತ್ತಾರೆ. ನಾಯಕ ತಮ್ಮ ಎಂಜಿನ್ನಿನ ಪೂರ್ತಿ ಬಲ ಎಂದೂ ಬಳಸುವುದಿಲ್ಲ. ಬಳಸಿಬಿಟ್ಟರೆ ಹೊರತುದಿಯವರಿಗೆ ಹಿಂದೆ ಬಿದ್ದಾಗ ಕೂಡಿಕೊಳ್ಳಲು ಶಕ್ತಿಯೇ ಮಿಗುವುದಿಲ್ಲ. ಹಾಗೆಯೇ ಒಳತುದಿಯ ವಿಮಾನ ತಮಗಿಂತ 35 ಮೀಟರ್ ನೆಲಕ್ಕೆ ಹತ್ತಿರವಿದೆ ಎಂಬ ಲೆಕ್ಕವೂ ಅವರ ತಲೆಯಲ್ಲೇ ಇರಬೇಕು. ಆದ್ದರಿಂದ ಸಲಹೆ ಇಷ್ಟೇ: ತಿರುವಿನಲ್ಲಿ ನಾಯಕನನ್ನು ನೋಡಬೇಡಿ, ಎರಡು ತುದಿಗಳನ್ನು ನೋಡಿ. ತುದಿ ತೂಗಾಡದಿದ್ದರೆ ಆ ದಿನ ತಂಡ ಒಳ್ಳೆಯ ಲಯದಲ್ಲಿದೆ.

ಉಳಿದ ಎಂಟು ಮಂದಿ ನೆಲವನ್ನಾಗಲಿ ದಿಗಂತವನ್ನಾಗಲಿ ನೋಡುವುದಿಲ್ಲ ಎಂಬುದು ಹೊಸಬರಿಗೆ ನಂಬಲು ಕಷ್ಟ. ಪಕ್ಕದ ವಿಮಾನದ ಮೈಮೇಲಿನ ಎರಡು ಗುರುತುಗಳನ್ನು, ಉದಾಹರಣೆಗೆ ರೆಕ್ಕೆತುದಿಯನ್ನೂ ಒಡಲಿನ ಮೇಲಿನ ಒಂದು ಬಿಂದುವನ್ನೂ, ಒಂದೇ ಗೆರೆಗೆ ತಂದು ಅಲ್ಲೇ ಹಿಡಿದಿಡುವುದು ಅವರ ಕೆಲಸ. ತಲೆಕೆಳಗಾದರೂ ಆ ಗೆರೆ ಕದಲಬಾರದು. ಎತ್ತರ, ವೇಗ, ಗಾಳಿ, ಪ್ರೇಕ್ಷಕರ ಗೆರೆ, ಮೋಡ ಎಲ್ಲವೂ ನಾಯಕನ ಪಾಲು. ಈ ನಂಬಿಕೆಗೆ ಎಂಥ ಬೆಲೆ ತೆರಬೇಕಾಗುತ್ತದೆ ಎಂಬುದನ್ನು ಅಮೆರಿಕದ ಥಂಡರ್‌ಬರ್ಡ್ಸ್ ತಂಡ 1982ರ ಜನವರಿ 18ರಂದು ಕಂಡಿತು. ನೆವಾಡಾದ ಇಂಡಿಯನ್ ಸ್ಪ್ರಿಂಗ್ಸ್‌ನಲ್ಲಿ ಅಭ್ಯಾಸದ ವೇಳೆ ಲೂಪಿನಿಂದ ಇಳಿಯುತ್ತಿದ್ದ ನಾಯಕನ ವಿಮಾನದ ನಿಯಂತ್ರಣ ಸಿಕ್ಕಿಕೊಂಡಿತು. ಪಕ್ಕದ ಮೂವರೂ ತಮ್ಮ ಗುರುತಿನಿಂದ ಕಣ್ಣು ತೆಗೆಯದೆ ಜೊತೆಯಲ್ಲೇ ನೆಲಕ್ಕೆ ಅಪ್ಪಳಿಸಿದರು. ನಾಲ್ವರೂ ಉಳಿಯಲಿಲ್ಲ.

ಇಂಥ ನಿಖರತೆ ಬರುವುದು ಹಾರಾಟದಿಂದ ಮಾತ್ರವಲ್ಲ, ಕುರ್ಚಿಯಿಂದಲೂ. ಪ್ರತಿ ಹಾರಾಟದ ಮುಂಚೆ ಎಲ್ಲರೂ ಒಂದು ಕೋಣೆಯಲ್ಲಿ ಕೂತು, ಕಣ್ಣು ಮುಚ್ಚಿ, ಇಲ್ಲದ ಸ್ಟಿಕ್ ಮತ್ತು ಥ್ರಾಟಲ್ ಹಿಡಿದು ಪೂರ್ತಿ ಪ್ರದರ್ಶನವನ್ನು ಒಮ್ಮೆ ಹಾರುತ್ತಾರೆ. ನಾಯಕ ರೇಡಿಯೋದಲ್ಲಿ ಹೇಳುವ ಮಾತುಗಳನ್ನೇ ಅದೇ ಏರಿಳಿತದಲ್ಲಿ ಹೇಳುತ್ತಾರೆ. ಆ ಏರಿಳಿತವೇ ಮುಖ್ಯ: ಆಜ್ಞೆಯ ಕೊನೆಯ ಶಬ್ದ ಬಿದ್ದ ಗಳಿಗೆಯಲ್ಲಿ ಒಂಬತ್ತು ಕೈಗಳು ಒಟ್ಟಿಗೆ ಚಲಿಸಬೇಕು. ನಾಯಕ ಮಾತನ್ನು ಆತುರದಲ್ಲಿ ಮುಗಿಸಿದರೆ ರಚನೆ ಒಡೆದ ಹಾಗೆಯೇ. ಹೊಸ ಪೈಲಟ್ ಸೇರಿದಾಗ ಎರಡೇ ವಿಮಾನದಿಂದ, ಎತ್ತರದಲ್ಲಿ ಶುರು. ಆಮೇಲೆ ಮೂರು, ನಾಲ್ಕು, ಹೀಗೆ ಸಂಖ್ಯೆ ಏರುತ್ತದೆ, ಎತ್ತರ ಇಳಿಯುತ್ತದೆ. ಇಳಿದು ಬಂದ ಮೇಲೆ ನೆಲದಿಂದ ತೆಗೆದ ವಿಡಿಯೊ ಹಾಕಿಕೊಂಡು ಒಬ್ಬೊಬ್ಬರ ತಪ್ಪನ್ನೂ ಹೆಕ್ಕುತ್ತಾರೆ. ಆ ಕೋಣೆಯಲ್ಲಿ ಹಿರಿಯ ಕಿರಿಯ ಎಂಬುದು ನಡೆಯದು, ನಾಯಕನ ತಪ್ಪನ್ನು ಕಿರಿಯರೂ ಹೇಳಬೇಕು.

ಲೂಪಿನಲ್ಲಿ ಕಣ್ಣಿಡಬೇಕಾದದ್ದು ನೆತ್ತಿಯ ಮೇಲೆ. ಕೆಳಗೆ ಗಂಟೆಗೆ 600 ಕಿಲೋಮೀಟರ್ ದಾಟಿದ ವೇಗದಲ್ಲಿ ಒಳಹೊಕ್ಕ ರಚನೆ ತುದಿ ಮುಟ್ಟುವಾಗ ಸುಮಾರು ಅರ್ಧ ವೇಗಕ್ಕೆ ಇಳಿದಿರುತ್ತದೆ. ಗಾಳಿಯ ಹಿಡಿತ ಸಡಿಲವಾದಾಗ ಸ್ಟಿಕ್ಕನ್ನು ಹೆಚ್ಚು ಸರಿಸಿದರೂ ವಿಮಾನ ತಡವಾಗಿ ಸ್ಪಂದಿಸುತ್ತದೆ. ಸಾಧಾರಣ ತಂಡದ ರಚನೆ ಇಲ್ಲೇ ಅರಳಿಬಿಡುತ್ತದೆ, ಇಳಿಯುವಾಗ ಮತ್ತೆ ಕೂಡಿಕೊಳ್ಳುತ್ತದೆ. ಸೂರ್ಯಕಿರಣ್ ತಂಡದ ವಜ್ರಾಕಾರ ಮೇಲೆಯೂ ಬಿಗಿಯಾಗಿಯೇ ಉಳಿಯುತ್ತದೆ, ನಮ್ಮ ಅಂಕಪಟ್ಟಿಯಲ್ಲಿ ಅತಿ ಹೆಚ್ಚು ಅಂಕ ಇದಕ್ಕೇ. ವಜ್ರಾಕಾರದಲ್ಲಿ ಅತಿ ಕಷ್ಟದ ಜಾಗ ನಾಯಕನ ನೇರ ಹಿಂದಿನದು. ಮುಂದಿನ ವಿಮಾನಗಳು ಕಲಕಿದ ಗಾಳಿ ಅಲ್ಲಿಗೇ ಬರುತ್ತದೆ. ಒಂದು ಮೀಟರ್ ಮೇಲೇರಿದರೂ ಬಾಲ ನಾಯಕನ ಎಂಜಿನ್ ಉಗುಳಿನಲ್ಲಿ ಸಿಕ್ಕಿ ವಿಮಾನ ನಡುಗುತ್ತದೆ. ಹಾಗಾಗಿ ಅದು ಯಾವಾಗಲೂ ಕೊಂಚ ಕೆಳಗೇ ಇರುತ್ತದೆ, ನೆಲದಿಂದ ನೋಡುವವರಿಗೆ ಮಾತ್ರ ಸಮತಟ್ಟಾಗಿ ಕಾಣುತ್ತದೆ.

ಯಲಹಂಕದಲ್ಲಿ ಇದೆಲ್ಲ ಇನ್ನೂ ಕಷ್ಟ. ರನ್‌ವೇ ಸಮುದ್ರಮಟ್ಟದಿಂದ 900 ಮೀಟರಿಗೂ ಎತ್ತರದಲ್ಲಿದೆ. ತೆಳು ಗಾಳಿಯಲ್ಲಿ ಎಂಜಿನ್ನಿನ ಬಲ ತಗ್ಗುತ್ತದೆ, ವಿಮಾನದ ಮೀಟರು ಅದೇ ವೇಗ ತೋರಿಸಿದರೂ ನಿಜವಾದ ವೇಗ ಹೆಚ್ಚಿರುತ್ತದೆ, ಲೂಪಿನ ವೃತ್ತವೂ ತಿರುವಿನ ವೃತ್ತವೂ ಹಿಗ್ಗುತ್ತವೆ. ಚೆನ್ನೈ ಮರೀನಾ ಕಡಲತೀರದ ಮೇಲಿನ ಹಾರಾಟದ ವಿಡಿಯೊ ಜೊತೆ ಯಲಹಂಕದ್ದನ್ನು ಹೋಲಿಸುವವರು ಇದನ್ನು ನೆನಪಿಡಬೇಕು. ಮಧ್ಯಾಹ್ನವಾದರೆ ಕಾದ ನೆಲದಿಂದ ಏಳುವ ಬಿಸಿಗಾಳಿ ಒಂದೊಂದು ವಿಮಾನವನ್ನು ಒಂದೊಂದು ಹೊತ್ತಿಗೆ ಎತ್ತಿ ಕುಕ್ಕುತ್ತದೆ. ಬೆಳಗಿನ ಹಾರಾಟವನ್ನೇ ಆರಿಸಿಕೊಳ್ಳಿ ಎನ್ನಲು ಇದೇ ಕಾರಣ. ಬೆಳಗಿನ ಮಬ್ಬು ಫೋಟೊ ಕೆಡಿಸುತ್ತದೆ ನಿಜ, ರಚನೆ ಮಾತ್ರ ಆಗಲೇ ಚೆಂದ.

ಹೊಗೆಯನ್ನು ಅಲಂಕಾರವೆಂದು ಮಾತ್ರ ನೋಡುವವರು ಅರ್ಧ ಪ್ರದರ್ಶನ ಕಳೆದುಕೊಳ್ಳುತ್ತಾರೆ. ಬಿಳಿ ಹೊಗೆ ಎಂದರೆ ಡೀಸೆಲ್. ಎಂಜಿನ್ನಿನ ಕುದಿಯುವ ಉಗುಳಿಗೆ ಅದನ್ನು ಚಿಮುಕಿಸಿದಾಗ ಆವಿಯಾಗಿ, ಹೊರಗಿನ ತಣ್ಣನೆ ಗಾಳಿ ತಾಗಿ ಮಂಜಿನಂತೆ ಹೆಪ್ಪುಗಟ್ಟುತ್ತದೆ. ಬಣ್ಣದ ಹೊಗೆಗೆ ಅದರ ಜೊತೆ ಬಣ್ಣ ಬೇಕು. ಇತ್ತೀಚಿನ ವರ್ಷಗಳಲ್ಲಿ ಈ ತಂಡ ಕೇಸರಿ, ಬಿಳಿ, ಹಸಿರು ಮೂರನ್ನೂ ಬಿಡುತ್ತಿದೆ. ಸಂಗ್ರಹ ಸೀಮಿತ, ಆದ್ದರಿಂದ ಪ್ರೇಕ್ಷಕರ ಎದುರಿಗೆ ಬಂದಾಗ ಮಾತ್ರ ನಾಯಕನ ಆಜ್ಞೆಯ ಮೇಲೆ ಶುರುವಾಗಿ ಆಜ್ಞೆಯ ಮೇಲೆ ನಿಲ್ಲುತ್ತದೆ. ಒಂಬತ್ತೂ ಗೆರೆಗಳು ಒಂದೇ ಕ್ಷಣದಲ್ಲಿ ಹುಟ್ಟಿದವೇ, ಒಂದೇ ಕ್ಷಣದಲ್ಲಿ ಕತ್ತರಿಸಿದಂತೆ ನಿಂತವೇ, ಮೊದಲು ಅದನ್ನು ಗಮನಿಸಿ. ಆಮೇಲೆ ವಿಮಾನಗಳು ಹೋಗಲಿ ಬಿಡಿ, ಗೆರೆಗಳನ್ನೇ ಐದು ಸೆಕೆಂಡು ನೋಡಿ. ಯಾರು ಎಲ್ಲಿ ಅಲುಗಾಡಿದರು ಎಂಬುದು ಗೆರೆಯಲ್ಲಿ ಸೊಟ್ಟಾಗಿ ದಾಖಲಾಗಿರುತ್ತದೆ. ಗೆರೆಗಳ ನಡುವಿನ ಅಂತರ ಕೊನೆತನಕ ಒಂದೇ ಇದ್ದರೆ ಅದು ಮೊದಲ ದರ್ಜೆಯ ಹಾರಾಟ. ಬಣ್ಣದ ಹೊಗೆ ಬಂದ ಮೇಲೆ ಈ ಓದು ಸ್ವಲ್ಪ ಕಷ್ಟವಾಗಿದೆ: ದಟ್ಟ ಬಣ್ಣಗಳು ಬೇಗ ಒಂದರೊಳಗೊಂದು ಬೆರೆಯುತ್ತವೆ. ದೇಶದ ಬಣ್ಣ ಬಾನಲ್ಲಿ ಹರಡುವಾಗ ಎದೆ ತುಂಬುತ್ತದೆ ಎಂಬುದರಲ್ಲಿ ಎರಡು ಮಾತಿಲ್ಲ, ತಂಡದ ಕೈಚಳಕ ಅಳೆಯಲು ಬಿಳಿಯೇ ಮೇಲು.

ರಚನೆಯಿಂದ ರಚನೆಗೆ ಬದಲಾಗುವುದು ಹೆಚ್ಚಾಗಿ ದೂರದ ತಿರುವಿನಲ್ಲೇ ನಡೆದುಹೋಗುತ್ತದೆ. ದುರ್ಬೀನು ಇದ್ದರೆ ಅದನ್ನೂ ಹಿಡಿಯಬಹುದು. ಜಾಗ ಬಿಡುವ ವಿಮಾನ ಮೊದಲು ಹಿಂದಕ್ಕೆ ಜಾರಿ, ಕೆಳಗಿಳಿದು, ಆಮೇಲೆ ಅಡ್ಡ ಸರಿದು, ಕೊನೆಗೆ ಮೇಲೇರಿ ಹೊಸ ಜಾಗ ಸೇರುತ್ತದೆ. ಇನ್ನೊಂದರ ಮಟ್ಟದಲ್ಲೇ ಅಡ್ಡ ದಾಟುವುದು ನಿಷಿದ್ಧ. ಎಲ್ಲರೂ ಒಮ್ಮೆಗೇ ಹೊರಡದೆ ಗೊತ್ತುಪಡಿಸಿದ ಸರದಿಯಲ್ಲಿ ಸರಿಯುತ್ತಾರೆ. ಇಲ್ಲಿ ಎರಡು ಅಪಾಯ: ಆತುರದಲ್ಲಿ ಬಂದು ಜಾಗ ಮೀರಿ ಮುನ್ನುಗ್ಗುವುದು, ಇಲ್ಲವೇ ಸರಿಯುವಾಗ ಗುರುತಿನ ವಿಮಾನ ಕಣ್ಣಿಂದ ಮರೆಯಾಗುವುದು. ಕಾಣಿಸದಿದ್ದರೆ ಹುಡುಕುತ್ತ ಕೂರಬಾರದು. ಕೂಡಲೇ ಹೊರಕ್ಕೆ, ರಚನೆಯಿಂದ ದೂರಕ್ಕೆ ತಿರುಗಿ ರೇಡಿಯೋದಲ್ಲಿ ಹೇಳಬೇಕು. ಎಂಟು ವಿಮಾನಗಳು ಮಾತ್ರ ಬಂದು ಒಂಬತ್ತನೆಯದು ಒಂದು ಸುತ್ತಿನ ಬಳಿಕ ಸೇರಿಕೊಂಡರೆ ಅದನ್ನು ಕೊರತೆ ಎನ್ನಬೇಡಿ, ಸರಿಯಾದ ನಿರ್ಧಾರ ನಡೆದಿದೆ ಎಂದರ್ಥ.

ಎರಡನೆಯ ಭಾಗದಲ್ಲಿ ತಂಡ ಚಿಕ್ಕ ಗುಂಪುಗಳಾಗಿ ಒಡೆಯುತ್ತದೆ. ಒಂದರ ಸುತ್ತ ಒಂದು ಹೆಣೆದುಕೊಳ್ಳುವ ಡಿಎನ್‌ಎ ಕಸರತ್ತು, ಹೊಗೆಯಲ್ಲಿ ಬಿಡಿಸುವ ಹೃದಯ, ಎದುರುಬದುರು ದಾಟುವ ಸಿಂಕ್ರೊ ಜೋಡಿ. ದಾಟುವಿಕೆಯ ಒಳಗುಟ್ಟು ತಿಳಿದರೆ ಸೊಗಸು ಕಡಿಮೆಯಾಗುವುದಿಲ್ಲ, ಹೆಚ್ಚುತ್ತದೆ. ಎರಡೂ ವಿಮಾನ ಒಂದೇ ಗೆರೆಯಲ್ಲಿರುವುದಿಲ್ಲ. ಒಂದು ನಮಗೆ ಹತ್ತಿರದ ಗೆರೆಯಲ್ಲಿ, ಇನ್ನೊಂದು ಆಚೆಯ ಗೆರೆಯಲ್ಲಿ. ಪಕ್ಕದಿಂದ ನೋಡುವ ನಮಗೆ ಆ ಅಂತರ ಕಾಣದು. ಇಂಥ ಜೋಡಿಗಳಲ್ಲಿ ಸಾಮಾನ್ಯ ಪದ್ಧತಿಯೆಂದರೆ ಒಬ್ಬರು ಕದಲದೆ ಗೆರೆ ಹಿಡಿಯುವುದು, ಇನ್ನೊಬ್ಬರು ಅಂತರ ಮತ್ತು ಹೊತ್ತು ಹೊಂದಿಸುವುದು. ಇಬ್ಬರೂ ತಿದ್ದಲು ಹೊರಟರೆ ಇಬ್ಬರೂ ಒಂದೇ ಕಡೆ ಸರಿಯಬಹುದು. ಒಂದೊಂದೂ ಗಂಟೆಗೆ 540 ಕಿಲೋಮೀಟರ್ ವೇಗದಲ್ಲಿದ್ದರೆ ಸೆಕೆಂಡಿಗೆ 150 ಮೀಟರ್. ಒಬ್ಬರು ಒಂದೇ ಸೆಕೆಂಡು ತಡವಾದರೆ ದಾಟುವ ಜಾಗ ನಡುಮಧ್ಯದಿಂದ 75 ಮೀಟರ್ ಜರುಗುತ್ತದೆ. ಒಬ್ಬರಿಗೆ ಹಿಂಗಾಳಿ, ಇನ್ನೊಬ್ಬರಿಗೆ ಎದುರುಗಾಳಿ ಎಂಬುದನ್ನೂ ಲೆಕ್ಕಕ್ಕೆ ತಂದು ಇದನ್ನು ಪ್ರೇಕ್ಷಕರ ನಟ್ಟನಡುವೆ ನಿಲ್ಲಿಸಬೇಕು. ನೀವು ನಡುವಿನಲ್ಲಿ ಕೂತಿದ್ದು ದಾಟುವಿಕೆ ಮೂಗಿನ ನೇರಕ್ಕೇ ನಡೆದರೆ ಗಟ್ಟಿಯಾಗಿ ಚಪ್ಪಾಳೆ ತಟ್ಟಿ.

ಹೃದಯದ ಬಗ್ಗೆ ನಮಗೆ ಅಂಥ ಉತ್ಸಾಹವಿಲ್ಲ. ಮಕ್ಕಳಿಗೆ ಇಷ್ಟ, ಫೋಟೊಗೆ ಚೆನ್ನ. ತಂಡದ ಸಾಮರ್ಥ್ಯಕ್ಕೆ ಹೋಲಿಸಿದರೆ ಅದು ಹಗುರ. ನಿಜವಾದ ದೂರು ಧ್ವನಿವರ್ಧಕದ ಮೇಲೆ. ಸಂಗೀತ ಮತ್ತು ನಿರೂಪಣೆ ಒಂದರ ಮೇಲೊಂದು ಬಿದ್ದು ಒಂದೂ ಕೇಳುವುದಿಲ್ಲ. ಯಾವ ರಚನೆ ಬರುತ್ತಿದೆ, ಯಾವ ದಿಕ್ಕಿನಿಂದ, ಏನನ್ನು ಗಮನಿಸಬೇಕು ಎಂದು ಬಿಡಿಸಿ ಹೇಳಿದರೆ ಸಾಕು, ವಿಶೇಷಣಗಳ ಮಳೆ ಬೇಡ. ಕರ್ನಾಟಕದಲ್ಲಿ ನಡೆಯುವಾಗ ಕನ್ನಡದ ವಿವರಣೆಯೂ ಸಮಪಾಲಿನಲ್ಲಿರಲಿ. ಬೀದರಿನಲ್ಲಿ ನೆಲೆಸಿದ ತಂಡದಿಂದ ಇಷ್ಟು ನಿರೀಕ್ಷಿಸುವುದು ಹೆಚ್ಚಲ್ಲ.

ಮೋಡ ಕವಿದರೆ ಪ್ರದರ್ಶನ ಬದಲಾಗುತ್ತದೆ. ಬ್ರಿಟನ್ನಿನ ರೆಡ್ ಆರೋಸ್, ಅವರೂ ಹಾಕ್ ಹಾರಿಸುವವರೇ, ಮೋಡದ ತಳ ಸಾಕಷ್ಟು ಎತ್ತರದಲ್ಲಿದ್ದರೆ ಲೂಪ್ ಸಹಿತ ಪೂರ್ಣ ಪ್ರದರ್ಶನ, ಅದಕ್ಕಿಂತ ಕೆಳಗಾದರೆ ಹಾರುತ್ತಲೇ ಪಕ್ಕಕ್ಕೆ ಉರುಳುವ ರೋಲ್‌ಗಳು ಮಾತ್ರ, 2,500 ಅಡಿಗೂ ಇಳಿದರೆ ಬರೀ ಸಮತಟ್ಟಾದ ಹಾದುಹೋಗುವಿಕೆ ಎಂದು ಮೂರು ಬಗೆ ಸಿದ್ಧ ಇಟ್ಟುಕೊಳ್ಳುತ್ತಾರೆ. ಎಲ್ಲ ತಂಡಗಳಲ್ಲೂ ತತ್ವ ಇದೇ. ಲೂಪ್ ಬರಲಿಲ್ಲವೆಂದು ಗೊಣಗುವ ಮುನ್ನ ತಲೆ ಎತ್ತಿ ಮೋಡ ನೋಡಿ.

ವಿಮಾನಗಳು ನಮ್ಮ ತಲೆಯ ಮೇಲೆ ಬರುವುದಿಲ್ಲ, ಎದುರಿನ ಗೆರೆಯಾಚೆಯೇ ಹಾರುತ್ತವೆ ಎಂಬ ಬೇಸರವೂ ಕೆಲವರಿಗಿದೆ. 1988ರ ಆಗಸ್ಟ್ 28ರಂದು ಜರ್ಮನಿಯ ರಾಮ್‌ಸ್ಟೈನ್‌ನಲ್ಲಿ ಇಟಲಿಯ ಫ್ರೆಚ್ಚೆ ತ್ರಿಕಲೋರಿ ತಂಡದ ವಿಮಾನಗಳು ಡಿಕ್ಕಿಯಾಗಿ ಒಂದು ಪ್ರೇಕ್ಷಕರ ಮೇಲೆ ಬಿತ್ತು, ಮೂವರು ಪೈಲಟ್‌ಗಳೂ ಸೇರಿ 70 ಜನ ಸತ್ತರು. ಜನರ ಕಡೆಗೆ ಮುಖ ಮಾಡಿ ನಡೆಸುವ ಕಸರತ್ತುಗಳಿಗೆ ಹಲವು ದೇಶಗಳು ಕಡಿವಾಣ ಹಾಕಿದ್ದು ಆಮೇಲೆ. ಸೂರ್ಯಕಿರಣ್ ತಂಡವೂ ತನ್ನವರನ್ನು ಕಳೆದುಕೊಂಡಿದೆ: 2006ರಲ್ಲಿ ಮತ್ತು 2009ರಲ್ಲಿ ಬೀದರ್ ಬಳಿ, 2019ರ ಫೆಬ್ರುವರಿ 19ರಂದು ಏರೋ ಇಂಡಿಯಾದ ಮುನ್ನಾದಿನ ಯಲಹಂಕದಲ್ಲಿ. ಅಂದು ಎರಡು ಹಾಕ್ ಡಿಕ್ಕಿಯಾಗಿ ವಿಂಗ್ ಕಮಾಂಡರ್ ಸಾಹಿಲ್ ಗಾಂಧಿ ತೀರಿಕೊಂಡರು, ಇಬ್ಬರು ಹೊರಜಿಗಿದು ಉಳಿದರು. ಆ ಮೇಳ ಮುಗಿಯುವ ಮುನ್ನವೇ ತಂಡ ಮತ್ತೆ ಹಾರಿತು.

ಸಾರಂಗ್ ಜೊತೆ ಹೋಲಿಕೆ ಕೇಳುವವರು ಬಹಳ. ಎಚ್‌ಎಎಲ್‌ನ ಧ್ರುವ್ ಹೆಲಿಕಾಪ್ಟರ್ ಹಾರಿಸುವ ಆ ತಂಡ ಸದಾ ಕಣ್ಣೆದುರಿಗೇ ಇರುತ್ತದೆ, ಬಿಡುವು ಕಡಿಮೆ, ಚಿಕ್ಕ ಮಕ್ಕಳನ್ನು ಕರೆದೊಯ್ಯುವವರಿಗೆ ಅದೇ ಹೆಚ್ಚು ಹಿಡಿಸೀತು. ರಚನೆಯ ಬಿಗುವು ನೋಡಬೇಕೆಂದರೆ ಮಾತ್ರ ಸೂರ್ಯಕಿರಣ್ ತಂಡಕ್ಕೆ ನಮ್ಮ ದೇಶದಲ್ಲಿ ಸಾಟಿಯಿಲ್ಲ.

ಹೋಗುವವರಿಗೆ ಕೆಲವು ಮಾತು. 2025ರ ಏರೋ ಇಂಡಿಯಾದಲ್ಲಿ ಹಾರಾಟ ವೀಕ್ಷಣೆಯ ಜಾಗಕ್ಕೆ ಟಿಕೆಟ್ 1,000 ರೂಪಾಯಿ, ಮಳಿಗೆಗಳನ್ನೂ ನೋಡಬಹುದಾದ ಸಾರ್ವಜನಿಕ ಟಿಕೆಟ್ 2,500 ರೂಪಾಯಿ ಇತ್ತು. ಹಾರಾಟವೇ ಗುರಿಯಾದರೆ ಮೊದಲನೆಯದು ಸಾಕು. ನಡುಭಾಗದಲ್ಲಿ, ಸೂರ್ಯ ಬೆನ್ನಿಗೆ ಬೀಳುವಂತೆ ಜಾಗ ಹಿಡಿಯಿರಿ. ನೆರಳು ಸಿಗುವುದಿಲ್ಲ ಎಂದೇ ತಿಳಿದು ಟೋಪಿ, ನೀರು ಒಯ್ಯಿರಿ. 2024ರ ಅಕ್ಟೋಬರಿನಲ್ಲಿ ಚೆನ್ನೈ ಮರೀನಾ ಪ್ರದರ್ಶನದ ದಿನ ಬಿಸಿಲು ಮತ್ತು ಜನಸಂದಣಿಯ ನಡುವೆ ಐದು ಜನ ಪ್ರಾಣ ಕಳೆದುಕೊಂಡರು, ವಯಸ್ಸಾದವರನ್ನು ಕರೆದೊಯ್ಯುವವರು ಇದನ್ನು ಹಗುರವಾಗಿ ಎಣಿಸಬಾರದು. ದುರ್ಬೀನು ಏಳು ಅಥವಾ ಎಂಟು ಪಟ್ಟಿನದು ಸಾಕು, ಹೆಚ್ಚಿನದು ಕೈಯಲ್ಲಿ ನಡುಗುತ್ತದೆ. ಕ್ಯಾಮೆರಾದಲ್ಲಿ ಶಟರ್ ವೇಗ ಸೆಕೆಂಡಿನ ಸಾವಿರದಲ್ಲೊಂದು ಭಾಗ ಅಥವಾ ಅದಕ್ಕಿಂತ ಚುರುಕಾಗಿರಲಿ. ಸಾರಂಗ್ ಬಂದಾಗ ಮಾತ್ರ 250ರಲ್ಲೊಂದು ಭಾಗಕ್ಕೆ ಇಳಿಸಿ, ಇಲ್ಲವಾದರೆ ಹೆಲಿಕಾಪ್ಟರಿನ ತಿರುಗುವ ರೆಕ್ಕೆಗಳು ನಿಂತುಬಿಟ್ಟಂತೆ ಕಾಣುತ್ತವೆ. ಹಾಕ್‌ನ ಸದ್ದು ಕಿವಿಗೆ ಅಷ್ಟೇನೂ ಕಠಿಣವಲ್ಲ. ಅದರ ಹಿಂದೆ ಮುಂದೆ ಬರುವ ಸುಖೋಯ್, ರಫೇಲ್‌ಗಳಿಗಾಗಿ ಮಕ್ಕಳ ಕಿವಿಗೆ ಇಯರ್‌ಪ್ಲಗ್ ಇಟ್ಟುಕೊಂಡಿರಿ.

ಯಲಹಂಕದ ನೂಕುನುಗ್ಗಲು ಬೇಡವೆನ್ನುವವರಿಗೆ ಮೈಸೂರು ದಸರೆಯಿದೆ. 2023ರಲ್ಲಿ ಬನ್ನಿಮಂಟಪದ ಪಂಜಿನ ಕವಾಯತು ಮೈದಾನದ ಮೇಲೆ ಈ ತಂಡ ಹಾರಿತ್ತು. ತಂಡ ಪ್ರತಿ ವರ್ಷ ಬರುತ್ತದೆಂದಿಲ್ಲ, ಆ ವರ್ಷದ ಕಾರ್ಯಕ್ರಮ ಪಟ್ಟಿ ನೋಡಿ ಹೊರಡಿ. ಬರುವುದಾದರೆ ಮುನ್ನಾದಿನ ಸಾಮಾನ್ಯವಾಗಿ ಪೂರ್ವಾಭ್ಯಾಸದ ಹಾರಾಟವೂ ಇರುತ್ತದೆ. ಅಂದು ಜನ ಕಡಿಮೆ, ತುದಿಯ ವಿಮಾನಗಳನ್ನು ಸಾವಕಾಶವಾಗಿ ಗಮನಿಸಬಹುದು.